ಆಸ್ತ್ರೋವ್‌ನ ಸಿಳ್ಳೆ: ಚೆಕೊವ್ ನಾಟಕ ಆಡಿಸುವವರಿಗೆ

1899ರ ಸೆಪ್ಟೆಂಬರ್. ಮಾಸ್ಕೋ ಆರ್ಟ್ ಥಿಯೇಟರ್‌ನಲ್ಲಿ ರಷ್ಯನ್ ನಾಟಕಕಾರ ಚೆಕೊವ್ ಬರೆದ ‘ವಾನ್ಯ ಮಾವ’ ನಾಟಕದ ತಾಲೀಮು ನಡೆಯುತ್ತಿತ್ತು. ಡಾಕ್ಟರ್ ಆಸ್ತ್ರೋವ್ ಆಗಿ ಥಿಯೇಟರಿನ ನಿರ್ದೇಶಕ ಸ್ತಾನಿಸ್ಲಾವ್‌ಸ್ಕಿ, ಪ್ರೊಫೆಸರನ ಹೆಂಡತಿ ಯೆಲೆನಾ ಆಗಿ ನಟಿ ಓಲ್ಗಾ ಕ್ನಿಪ್ಪರ್. ಕೊನೆಯ ಅಂಕದಲ್ಲಿ ಯೆಲೆನಾ ಹೊರಟುನಿಂತಾಗ ಆಸ್ತ್ರೋವ್ ಪ್ರೇಮದಲ್ಲಿ ಬೆಂದುಹೋದವನ ಹಾಗೆ ಕಾಣಬೇಕು ಅಂತ ಅಲ್ಲಿ ಅಂದುಕೊಂಡಿದ್ದರು. ಈ ವಿಷಯ ತಿಳಿಸಿ ಕ್ನಿಪ್ಪರ್ ಯಾಲ್ಟಾದಲ್ಲಿದ್ದ ಚೆಕೊವ್‌ಗೆ ಕಾಗದ ಬರೆದರು. ಅದು ತಪ್ಪು ಅಂತ ಚೆಕೊವ್ ಖಡಾಖಂಡಿತವಾಗಿ ಉತ್ತರ ಬರೆದರು. ಆಸ್ತ್ರೋವ್ ಅಲ್ಲಿ ಮಾತಾಡುವುದು ಆಫ್ರಿಕಾದ ಸೆಕೆಯ ಬಗ್ಗೆ ಮಾತಾಡುವ ದನಿಯಲ್ಲೇ. ಅವಳಿಗೆ ಮುತ್ತು ಕೊಡುವುದೂ ಹಾಗೇ, ಮಾಡಲು ಬೇರೇನೂ ಇಲ್ಲದ್ದಕ್ಕೆ.

ಅದೇ ಪಾತ್ರದ ಬಗ್ಗೆ ಚೆಕೊವ್ ಹೇಳಿದ ಇನ್ನೊಂದು ಮಾತನ್ನು ಸ್ತಾನಿಸ್ಲಾವ್‌ಸ್ಕಿ ನೆನಪಿಸಿಕೊಳ್ಳುತ್ತಾರೆ. ವಾನ್ಯ ಅಳುತ್ತಾನೆ, ಆದರೆ ಆಸ್ತ್ರೋವ್ ಸಿಳ್ಳೆ ಹಾಕುತ್ತಾನೆ. ಇಷ್ಟೇ. ಅದಕ್ಕಿಂತ ಹೆಚ್ಚಿನ ವಿವರಣೆ ಚೆಕೊವ್ ಕೊಡಲಿಲ್ಲ.

ಚೆಕೊವ್ ನಾಟಕ ಕೈಗೆತ್ತಿಕೊಂಡ ಯಾವ ತಂಡದ ಜೊತೆ ಕೂತರೂ ನಾನು ಮೊದಲು ಹೇಳುವುದು ಈ ಸಿಳ್ಳೆಯ ಕಥೆ. ಚೆಕೊವ್ ಅಂದ ಕೂಡಲೇ ನಮ್ಮ ಹವ್ಯಾಸಿ ರಂಗಭೂಮಿಯಲ್ಲಿ ಮಂದ ಬೆಳಕು ಬರುತ್ತದೆ, ನಿಟ್ಟುಸಿರು ಬರುತ್ತದೆ. ನಟರು ಕಿಟಕಿಯ ಆಚೆ ನೋಡುತ್ತಾ ನಿಧಾನಕ್ಕೆ ಮಾತಾಡಲು ಶುರುಮಾಡುತ್ತಾರೆ. ಅರ್ಧ ಗಂಟೆಗೆ ಪ್ರೇಕ್ಷಕರು ಕೂತಲ್ಲೇ ಮಗ್ಗುಲು ಬದಲಿಸುತ್ತಾರೆ. ದುಃಖ ನಾಟಕದ ಒಳಗೆ ಆಗಲೇ ಇದೆ, ಅದನ್ನು ನಟ ಮೇಲಿಂದ ಬಡಿಸಬೇಕಾಗಿಲ್ಲ. ಆ ಕ್ಷಣದಲ್ಲಿ ಪಾತ್ರದ ಕೈಯಲ್ಲಿ ಯಾವ ಕೆಲಸ ಇದೆಯೋ ಅದನ್ನು ಮಾಡಿದರೆ ಸಾಕು. ಕೆಳಗಿನ ಎಲ್ಲ ಹೆಜ್ಜೆಗಳೂ ಇದೇ ಮಾತಿನಿಂದ ಹುಟ್ಟಿದವು.

ಮೊದಲು ನಾಟಕ ಆರಿಸಿ

ದೊಡ್ಡ ನಾಟಕಗಳು ನಾಲ್ಕು: ‘ಸೀಗಲ್’, ‘ವಾನ್ಯ ಮಾವ’, ‘ಮೂವರು ಅಕ್ಕತಂಗಿಯರು’, ‘ಚೆರ್ರಿ ತೋಟ’. ಮೊದಲ ಸಲ ಮಾಡುವ ತಂಡಕ್ಕೆ ‘ವಾನ್ಯ ಮಾವ’ ಒಳ್ಳೆಯದು. ಒಂಬತ್ತೇ ಪಾತ್ರ, ಅದರಲ್ಲಿ ಒಂದು ಕೂಲಿಯಾಳಿನದು. ಎಲ್ಲವೂ ಒಂದೇ ಎಸ್ಟೇಟಿನಲ್ಲಿ ನಡೆಯುತ್ತದೆ. ‘ಮೂವರು ಅಕ್ಕತಂಗಿಯರು’ ಮತ್ತು ‘ಚೆರ್ರಿ ತೋಟ’ಕ್ಕೆ ಹನ್ನೆರಡು ಹದಿನಾಲ್ಕು ಜನ ಗಟ್ಟಿ ನಟರು ಬೇಕು. ಚಿಕ್ಕ ಪಾತ್ರಕ್ಕೆ ಯಾರೋ ಒಬ್ಬರು ಸಾಕು ಅನ್ನುವ ಹಾಗಿಲ್ಲ. ಚೆಕೊವ್‌ನಲ್ಲಿ ಚಿಕ್ಕ ಪಾತ್ರ ಸಡಿಲವಾದರೆ ಇಡೀ ಮನೆ ಅಲುಗಾಡುತ್ತದೆ.

ದೊಡ್ಡ ನಾಟಕಕ್ಕೆ ಮುಂಚೆ ಹತ್ತು ದಿನ ಒಂದು ಏಕಾಂಕ ತಾಲೀಮು ಮಾಡಿ. ಇದು ನನ್ನ ಅನುಭವದ ಮಾತು. 1888ರ ‘ಕರಡಿ’ ಇದೆ. ಸತ್ತ ಗಂಡ ಓಟ್ಸ್ ಖರೀದಿಗೆ ಮಾಡಿದ್ದ 1,200 ರೂಬಲ್ ಸಾಲ ವಸೂಲು ಮಾಡಲು ಸಾಲ ಕೊಟ್ಟವನು ಒಬ್ಬ ವಿಧವೆಯ ಮನೆಗೆ ಬರುತ್ತಾನೆ, ಜಗಳ ಪಿಸ್ತೂಲಿನವರೆಗೆ ಹೋಗುತ್ತದೆ, ಕೊನೆಗೆ ಅವಳನ್ನೇ ಮದುವೆಯಾಗು ಅನ್ನುತ್ತಾನೆ. ಇನ್ನೊಂದು ಏಕಾಂಕ ‘ಪ್ರಸ್ತಾಪ’ದಲ್ಲಿ ಹೆಣ್ಣು ಕೇಳಲು ಬಂದವನು ಹುಲ್ಲುಗಾವಲಿನ ಹಕ್ಕಿನ ಬಗ್ಗೆ, ಆಮೇಲೆ ನಾಯಿಗಳ ಬಗ್ಗೆ ಜಗಳಕ್ಕೆ ಬೀಳುತ್ತಾನೆ. ಎರಡರಲ್ಲೂ ಮೂರು ಮೂರೇ ಪಾತ್ರ. ಪ್ರದರ್ಶನ ಕೊಡದಿದ್ದರೂ ಪರವಾಗಿಲ್ಲ. ಚೆಕೊವ್‌ನ ಜನ ಎಷ್ಟು ಬೇಗ ಸಿಟ್ಟಾಗುತ್ತಾರೆ, ಎಷ್ಟು ಬೇಗ ಮರೆಯುತ್ತಾರೆ ಅನ್ನುವುದು ನಟರ ಮೈಗೆ ಹತ್ತಬೇಕು. ಈ ಚುರುಕು ಇಲ್ಲದೆ ‘ಚೆರ್ರಿ ತೋಟ’ಕ್ಕೆ ಹೋದರೆ ನಾಟಕ ಮಲಗುತ್ತದೆ.

ದಿನಗಳ ಲೆಕ್ಕವನ್ನೂ ಈಗಲೇ ಹಾಕಿ. 1896ರ ಅಕ್ಟೋಬರ್‌ನಲ್ಲಿ ಸೇಂಟ್ ಪೀಟರ್ಸ್‌ಬರ್ಗ್‌ನ ಅಲೆಕ್ಸಾಂದ್ರಿನ್‌ಸ್ಕಿ ರಂಗಮಂದಿರದಲ್ಲಿ ‘ಸೀಗಲ್’ ಮೊದಲ ಸಲ ಆಡಿದಾಗ ಕೆಲವೇ ದಿನಗಳ ತಾಲೀಮು ಆಗಿತ್ತು. ಹಾಸ್ಯ ನಟಿಯೊಬ್ಬರ ಗೌರವಾರ್ಥ ಪ್ರದರ್ಶನ ಅಂತ ಪ್ರಹಸನ ನಿರೀಕ್ಷಿಸಿ ಬಂದ ಜನ, ನಾಯಕಿ ನೀನಾಳ ಗಂಭೀರ ಮಾತಿಗೇ ನಕ್ಕರು. ಚೆಕೊವ್ ರಂಗಮಂದಿರ ಬಿಟ್ಟು ರಾತ್ರಿ ಬೀದಿಗಳಲ್ಲಿ ಅಲೆದರು. ಎರಡು ವರ್ಷದ ನಂತರ, 1898ರ ಡಿಸೆಂಬರ್‌ನಲ್ಲಿ, ಮಾಸ್ಕೋ ಆರ್ಟ್ ಥಿಯೇಟರ್ ಸಾಕಷ್ಟು ತಾಲೀಮು ಮಾಡಿ ಅದೇ ನಾಟಕ ಆಡಿತು. ಅದೇ ಮಾತುಗಳು ಗೆದ್ದವು. ಕೆಲಸ ಮುಗಿಸಿ ಸಂಜೆ ಎರಡು ಗಂಟೆ ಸೇರುವ ತಂಡವಾದರೆ ಕನಿಷ್ಠ ಎರಡು ತಿಂಗಳು ಇಟ್ಟುಕೊಳ್ಳಿ. ಅದರಲ್ಲಿ ಮೊದಲ ಎರಡು ವಾರ ಕೂತು ಓದುವುದಕ್ಕೆ.

ಕನ್ನಡ ಪಠ್ಯ ಸಿದ್ಧಮಾಡಿಕೊಳ್ಳಿ

ನಮ್ಮಲ್ಲಿ ಹೆಚ್ಚಿನವರು ಇಂಗ್ಲಿಷ್ ಮೂಲಕವೇ ಚೆಕೊವ್‌ನನ್ನು ತಲುಪುತ್ತೇವೆ. ಕನ್ನಡ ಅನುವಾದ ಕೈಯಲ್ಲಿದ್ದರೂ ಪಕ್ಕದಲ್ಲಿ ಎರಡು ಬೇರೆ ಬೇರೆ ಇಂಗ್ಲಿಷ್ ಅನುವಾದ ಇಟ್ಟುಕೊಳ್ಳಿ. ಎರಡೂ ಒಂದೇ ಮಾತು ಹೇಳದ ಕಡೆ ನಿಲ್ಲಿ. ಮೂಲದಲ್ಲಿ ಏನೋ ಸೂಕ್ಷ್ಮ ಇರುವುದು ಅಲ್ಲೇ. ರಷ್ಯನ್ ಬಲ್ಲವರು ಯಾರಾದರೂ ಸಿಕ್ಕರೆ ಆ ಸಾಲುಗಳನ್ನು ಅವರಿಂದ ಕೇಳಿ ತಿಳಿದುಕೊಳ್ಳಿ.

ಒಂದು ವಿಷಯದಲ್ಲಿ ಕನ್ನಡ ಇಂಗ್ಲಿಷಿಗಿಂತ ರಷ್ಯನ್‌ಗೆ ಹತ್ತಿರ. ರಷ್ಯನ್‌ನಲ್ಲೂ ‘ನೀನು’, ‘ನೀವು’ ಬೇರೆ ಬೇರೆ. ‘ವಾನ್ಯ ಮಾವ’ದ ಎರಡನೇ ಅಂಕದಲ್ಲಿ ಸೋನ್ಯಾ ಮತ್ತು ಅವಳ ಮಲತಾಯಿ ಯೆಲೆನಾ ಬಹಳ ದಿನದ ಮುನಿಸು ಮುರಿದು ಒಂದೇ ಗ್ಲಾಸಿನಲ್ಲಿ ವೈನ್ ಕುಡಿಯುತ್ತಾರೆ. ಕುಡಿದು ಯೆಲೆನಾ ಕೇಳುವುದು ಇದನ್ನೇ: ಹಾಗಾದರೆ ಇನ್ನು ‘ನೀನು’? ಸೋನ್ಯಾ ಹೇಳುತ್ತಾಳೆ: ‘ನೀನು’. ಇಂಗ್ಲಿಷ್ ಅನುವಾದಕರು ಇಲ್ಲಿ ‘ಇನ್ನು ಸ್ನೇಹಿತರು’ ಅಂತೇನಾದರೂ ಬರೆದು ದಾಟಬೇಕು. ಕನ್ನಡದಲ್ಲಿ ಅದು ಹಾಗೇ ಬರುತ್ತದೆ, ಕೇಳುವವರಿಗೆ ತಕ್ಷಣ ತಾಗುತ್ತದೆ. ಆದರೆ ಅದು ತಾಗಬೇಕಾದರೆ ಮೊದಲ ಅಂಕದಿಂದ ಆ ಕ್ಷಣದವರೆಗೂ ಅವರಿಬ್ಬರೂ ‘ನೀವು’ ಅಂತಲೇ ಮಾತಾಡಿರಬೇಕು. ಒಂದು ಕಡೆ ‘ನೀನು’ ಜಾರಿಬಿಟ್ಟರೆ ದೃಶ್ಯ ಹೋಯಿತು. ಹಾಗಾಗಿ ಒಂದು ಪಟ್ಟಿ ಮಾಡಿ: ಯಾರು ಯಾರಿಗೆ ‘ನೀನು’, ಯಾರು ಯಾರಿಗೆ ‘ನೀವು’, ಎಲ್ಲಿ ಬದಲಾಗುತ್ತದೆ. ವಾನ್ಯ ಮತ್ತು ಆಸ್ತ್ರೋವ್ ಹಳೆಯ ಗೆಳೆಯರು, ‘ನೀನು’. ಆಸ್ತ್ರೋವ್ ಮತ್ತು ಯೆಲೆನಾ, ಅಷ್ಟೆಲ್ಲ ಆದಮೇಲೂ ‘ನೀವು’.

ನೆಂಟಸ್ತಿಕೆಯಲ್ಲೂ ನಮಗೆ ಅನುಕೂಲ ಇದೆ. ವಾನ್ಯ ಸೋನ್ಯಾಳ ಸತ್ತ ತಾಯಿಯ ಅಣ್ಣ. ಇಂಗ್ಲಿಷಿನ ‘ಅಂಕಲ್’ ಅದನ್ನು ಹೇಳುವುದಿಲ್ಲ, ‘ಮಾವ’ ಹೇಳುತ್ತದೆ. ಪ್ರೊಫೆಸರ್ ಸೆರೆಬ್ರ್ಯಾಕೊವ್ ಅವನ ಭಾವ. ತಂಗಿ ತೀರಿಕೊಂಡು, ಭಾವ ಇನ್ನೊಂದು ಮದುವೆಯಾಗಿ, ಆ ಹೊಸ ಹೆಂಡತಿಯನ್ನು ಕರೆದುಕೊಂಡು ಬಂದು ಅದೇ ಮನೆಯಲ್ಲಿ ಕೂತರೆ ಹೇಗಿರುತ್ತದೆ ಅಂತ ನಮ್ಮ ಪ್ರೇಕ್ಷಕರಿಗೆ ಬಿಡಿಸಿ ಹೇಳಬೇಕಾಗಿಲ್ಲ ಅಲ್ವಾ?

ಹೆಸರುಗಳು ಜನರನ್ನು ಗೊಂದಲಕ್ಕೆ ಕೆಡವುತ್ತವೆ. ವಾನ್ಯನೇ ಇವಾನ್ ಪೆತ್ರೋವಿಚ್, ವಾನ್ಯನೇ ವೊಯ್‌ನಿತ್‌ಸ್ಕಿ. ಅವನ ತಾಯಿ ಫ್ರೆಂಚ್ ರೀತಿಯಲ್ಲಿ ‘ಜ಼ಾನ್’ ಅನ್ನುತ್ತಾಳೆ. ಎಲ್ಲವನ್ನೂ ಒಂದೇ ಹೆಸರಿಗೆ ಇಳಿಸುವ ಆಸೆ ಬರುತ್ತದೆ. ಪೂರ್ತಿ ಇಳಿಸಬೇಡಿ. ತಂದೆಯ ಹೆಸರು ಸೇರಿಸಿ ಕರೆಯುವುದು ಮರ್ಯಾದೆಯ ಕರೆ, ಅದನ್ನು ಮುಖ್ಯ ಕಡೆ ಉಳಿಸಿ. ಉಳಿದ ಕಡೆ ಸಂಬಂಧದಿಂದ ಕರೆಯಿರಿ, ಇಲ್ಲವೇ ಕರೆಯದೆ ಮಾತಾಡಿಸಿ. ಕನ್ನಡದಲ್ಲಿ ಮಾತು ಮಾತಿಗೂ ಎದುರಿನವರ ಹೆಸರು ಹೇಳುವ ರೂಢಿ ನಮಗಿಲ್ಲ.

ಇನ್ನೊಂದು ಎಚ್ಚರಿಕೆ. ಕೆಲಸದವರ ಪಾತ್ರಕ್ಕೆ ನಗೆಗೆಂದು ಹಳ್ಳಿ ಭಾಷೆ ಹಾಕುವ ಚಾಳಿ ನಮ್ಮಲ್ಲಿದೆ. ‘ವಾನ್ಯ ಮಾವ’ದ ದಾದಿ ಮರೀನಾಗೆ, ‘ಚೆರ್ರಿ ತೋಟ’ದ ಮುದುಕ ಫಿರ್ಸ್‌ಗೆ ಹಾಗೆ ಮಾಡಬೇಡಿ. ಆ ಮನೆಯ ನೆನಪೆಲ್ಲ ಇರುವುದು ಅವರ ಹತ್ತಿರ. ಅವರ ಮಾತು ಸರಳ ಇರಲಿ, ಕೀಳಾಗಿ ಕಾಣುವುದು ಬೇಡ.

ಗೋಡೆಗೆ ಎರಡು ಹಾಳೆ ಅಂಟಿಸಿ: ಗಡಿಯಾರ, ದುಡ್ಡು

ಚೆಕೊವ್ ನಾಟಕದಲ್ಲಿ ಏನೂ ನಡೆಯುವುದಿಲ್ಲ ಅನ್ನುವವರು ಈ ಎರಡು ಹಾಳೆ ಮಾಡಿ ನೋಡಲಿ.

ಗಡಿಯಾರದ ಹಾಳೆ. ‘ಚೆರ್ರಿ ತೋಟ’ ಶುರುವಾಗುವುದು ಮೇ ತಿಂಗಳ ಒಂದು ನಸುಕಿನಲ್ಲಿ, ಗಂಟೆ ಎರಡರ ಹತ್ತಿರ. ರೈಲು ತಡವಾಗಿದೆ. ಮರ ಹೂ ಬಿಟ್ಟಿದೆ, ಹೊರಗೆ ಕೊರೆಯುವ ಚಳಿ. ಸಾಲಕ್ಕೆ ಸಿಕ್ಕ ಎಸ್ಟೇಟಿನ ಹರಾಜು ಆಗಸ್ಟ್ 22ಕ್ಕೆ ಅಂತ ಮೊದಲ ಅಂಕದಲ್ಲೇ ಗೊತ್ತಾಗುತ್ತದೆ. ಮೂರನೇ ಅಂಕದ ಕುಣಿತ ನಡೆಯುವುದು ಅದೇ ಹರಾಜಿನ ದಿನ. ನಾಲ್ಕನೇ ಅಂಕ ಅಕ್ಟೋಬರ್. ಅಲ್ಲಿ ಎಸ್ಟೇಟು ಕೊಂಡ ವ್ಯಾಪಾರಿ ಲೊಪಾಖಿನ್ ಬಂದು ರೈಲಿಗೆ ಇನ್ನು ನಲವತ್ತಾರೇ ನಿಮಿಷ ಅನ್ನುತ್ತಾನೆ, ಇಪ್ಪತ್ತು ನಿಮಿಷದಲ್ಲಿ ಹೊರಡಬೇಕು ಅನ್ನುತ್ತಾನೆ. ಆ ಅಂಕದ ಪ್ರತಿ ನಟನಿಗೂ ಈ ಗಡಿಯಾರ ತಲೆಯಲ್ಲಿ ಓಡುತ್ತಿರಬೇಕು.

ದುಡ್ಡಿನ ಹಾಳೆ ಇನ್ನೂ ಮುಖ್ಯ. ‘ವಾನ್ಯ ಮಾವ’ದ ಮೂರನೇ ಅಂಕದ ಸ್ಫೋಟ ಬರೀ ಪ್ರೇಮಭಂಗದ ಸಿಟ್ಟು ಅಂತ ಎಷ್ಟೋ ನಟರು ತಿಳಿಯುತ್ತಾರೆ. ಲೆಕ್ಕ ನೋಡಿ. ಆ ಎಸ್ಟೇಟಿಗೆ 95,000 ರೂಬಲ್. ವಾನ್ಯನ ತಂದೆ 70,000 ಕೊಟ್ಟು, ಉಳಿದ 25,000 ಸಾಲ ಉಳಿಯಿತು. ಅದು ತಂಗಿಯ ಮದುವೆಗೆಂದು ಕೊಂಡ ಆಸ್ತಿ. ತಂಗಿಗಾಗಿ ವಾನ್ಯ ತನ್ನ ಪಾಲು ಬಿಟ್ಟುಕೊಟ್ಟ. ಹತ್ತು ವರ್ಷ ಎತ್ತಿನ ಹಾಗೆ ದುಡಿದು ಸಾಲ ತೀರಿಸಿದ. ಇಪ್ಪತ್ತೈದು ವರ್ಷ ಎಸ್ಟೇಟು ನೋಡಿಕೊಂಡು ಆದಾಯವನ್ನು ಭಾವನಿಗೆ ಕಳಿಸಿದ. ಅವನಿಗೆ ಸಿಕ್ಕಿದ ಸಂಬಳ ವರ್ಷಕ್ಕೆ 500 ರೂಬಲ್. ಒಂದು ರೂಬಲ್ ಜಾಸ್ತಿ ಮಾಡೋಣ ಅಂತ ಭಾವನಿಗೆ ಒಂದು ಸಲವೂ ಹೊಳೆಯಲಿಲ್ಲ. ಈಗ ಅದೇ ಭಾವ ಮನೆಯವರನ್ನೆಲ್ಲ ಕೂರಿಸಿಕೊಂಡು, ಎಸ್ಟೇಟು ಮಾರಿ ದುಡ್ಡನ್ನು ಬಡ್ಡಿಗೆ ಹಾಕಿ ಫಿನ್‌ಲ್ಯಾಂಡ್‌ನಲ್ಲಿ ಸಣ್ಣ ಬೇಸಿಗೆ ಮನೆ ಕೊಳ್ಳೋಣ ಅನ್ನುತ್ತಾನೆ. ಕಾನೂನಿನ ಪ್ರಕಾರ ಆಸ್ತಿ ಸೋನ್ಯಾಳದು ಅನ್ನುವುದೂ ಅವನಿಗೆ ಮರೆತಿದೆ.

ಈ ಅಂಕಿಗಳನ್ನು ವಾನ್ಯನ ನಟ ಬಾಯಿಪಾಠ ಅಲ್ಲ, ತನ್ನ ಸ್ವಂತ ಪಾಸ್‌ಬುಕ್ಕಿನ ಹಾಗೆ ತಿಳಿದಿರಬೇಕು. ಆಗ ಅವನು ಕಿರುಚುವ ಅಗತ್ಯ ಇರುವುದಿಲ್ಲ. ಲೆಕ್ಕ ಹೇಳುತ್ತಾ ಹೇಳುತ್ತಾ ದನಿ ತಾನಾಗಿ ಏರುತ್ತದೆ.

ಕೂತು ಓದುವಾಗ ಪೆನ್ಸಿಲ್ ಇರಲಿ

ಮೊದಲ ವಾರ ಪ್ರತಿ ಮಾತಿನ ಪಕ್ಕದಲ್ಲೂ ಒಂದು ಗುರುತು ಹಾಕಿಸಿ. ಹಿಂದಿನ ಮಾತಿಗೆ ಇದು ಉತ್ತರವೋ, ಅಥವಾ ಆ ಪಾತ್ರ ತನ್ನದೇ ಯೋಚನೆಯ ದಾರಿಯಲ್ಲಿದೆಯೋ? ಎಣಿಸಿದಾಗ ನಟರು ಬೆರಗಾಗುತ್ತಾರೆ. ಚೆಕೊವ್‌ನ ಜನ ಒಬ್ಬರ ಮಾತು ಒಬ್ಬರು ಕೇಳಿಸಿಕೊಳ್ಳುವುದು ಅಷ್ಟು ಕಡಿಮೆ.

‘ಮೂವರು ಅಕ್ಕತಂಗಿಯರು’ ತೆರೆಯುವ ಹೊತ್ತಿಗೆ ಅಕ್ಕತಂಗಿಯರು ಮುಂದಿನ ಕೋಣೆಯಲ್ಲಿದ್ದಾರೆ, ಹಿಂದೆ ಕಂಬಗಳ ಆಚೆ ಸೈನ್ಯದ ಅಧಿಕಾರಿಗಳು ತಮ್ಮ ಪಾಡಿಗೆ ಹರಟುತ್ತಿದ್ದಾರೆ. ಹಿರಿಯಕ್ಕ ಓಲ್ಗಾ ತನ್ನ ಊರಿಗೆ, ಮಾಸ್ಕೋಗೆ, ಹೋಗಬೇಕೆಂಬ ಹಂಬಲ ಹೇಳಿಕೊಂಡ ಮರುಕ್ಷಣವೇ ಹಿಂದಿನಿಂದ ಒಬ್ಬ ‘ಎಲ್ಲಿಯ ಮಾತು!’ ಅನ್ನುತ್ತಾನೆ, ಇನ್ನೊಬ್ಬ ‘ಹೌದು, ಬರೀ ಹುಚ್ಚು’ ಅನ್ನುತ್ತಾನೆ. ಅವರು ಮಾತಾಡುತ್ತಿರುವುದು ಬೇರೇನೋ. ಆದರೆ ಪ್ರೇಕ್ಷಕರ ಕಿವಿಗೆ ಅದು ಓಲ್ಗಾಳ ಕನಸಿಗೆ ಬಂದ ಉತ್ತರ. ನಾಟಕದ ಭವಿಷ್ಯವೆಲ್ಲ ಆ ಎರಡು ಮಾತಿನಲ್ಲಿದೆ. ಇದನ್ನು ಕೆಡಿಸುವುದು ಬಹಳ ಸುಲಭ: ಆ ಅಧಿಕಾರಿಗಳು ಅರ್ಥಗರ್ಭಿತವಾಗಿ ಸೋದರಿಯರ ಕಡೆ ತಿರುಗಿ ಹೇಳಿದರೆ ಸಾಕು. ಅವರಿಗೆ ನಿಜವಾದ ಬೇರೆ ವಿಷಯ ಕೊಡಿ. ಇಸ್ಪೀಟಿನದೋ, ಬೆಟ್ಟಿನದೋ. ಆ ಹರಟೆಯನ್ನು ಸಣ್ಣ ದನಿಯಲ್ಲಿ ಅವರು ಮೊದಲಿನಿಂದಲೇ ನಡೆಸುತ್ತಿರಲಿ, ಆ ಎರಡು ಮಾತು ಮಾತ್ರ ಮೇಲೆ ತೇಲಿ ಬರಲಿ.

ಕೈಗೆ ಕೆಲಸ ಕೊಡಿ

ಈ ಹೆಜ್ಜೆಗೆ ನಾನು ಉಳಿದ ಎಲ್ಲಕ್ಕಿಂತ ಹೆಚ್ಚು ದಿನ ಕೊಡುತ್ತೇನೆ. ‘ಚೆರ್ರಿ ತೋಟ’ದ ನಾಲ್ಕನೇ ಅಂಕದಲ್ಲಿ ಲೊಪಾಖಿನ್ ಮತ್ತು ವಾರ್ಯಾ ಇಬ್ಬರೇ ಇರುವ ದೃಶ್ಯವನ್ನು ತೆಗೆದುಕೊಳ್ಳಿ. ಆಡಿದರೆ ಎರಡು ನಿಮಿಷ.

ಹಿನ್ನೆಲೆ ಇಷ್ಟು. ಇವರಿಬ್ಬರ ಮದುವೆ ಆಗುತ್ತದೆ ಅಂತ ಮನೆಯವರೆಲ್ಲ ಎರಡು ವರ್ಷದಿಂದ ಹೇಳುತ್ತಿದ್ದಾರೆ. ಹೊರಡುವ ಮುಂಚೆ ಎಸ್ಟೇಟಿನ ಒಡತಿ, ವಾರ್ಯಾಳ ಸಾಕುತಾಯಿ ರನೆವ್‌ಸ್ಕಾಯಾ ಅವನಿಗೆ ಈಗಲೇ ಕೇಳಿಬಿಡು ಅನ್ನುತ್ತಾಳೆ. ಅವನು ಒಪ್ಪುತ್ತಾನೆ. ಶಾಂಪೇನ್ ಕೂಡ ಇದೆ ಅನ್ನುತ್ತಾನೆ, ನೋಡಿದರೆ ಗ್ಲಾಸುಗಳು ಖಾಲಿ. ವಾರ್ಯಾಳನ್ನು ಒಳಗೆ ಕಳಿಸುತ್ತಾರೆ.

ಅವಳು ಬಂದು ಸಾಮಾನುಗಳ ನಡುವೆ ಏನನ್ನೋ ಹುಡುಕುತ್ತಾಳೆ. ಏನು ಹುಡುಕುತ್ತಿದ್ದೀರಿ ಅಂತ ಅವನು ಕೇಳಿದರೆ, ನಾನೇ ಕಟ್ಟಿಟ್ಟೆ, ನೆನಪಾಗುತ್ತಿಲ್ಲ ಅನ್ನುತ್ತಾಳೆ. ಮೌನ. ಇನ್ನು ಎಲ್ಲಿಗೆ ಹೋಗುತ್ತೀರಿ? ರಗೂಲಿನ್‌ರ ಮನೆಗೆ, ಮನೆ ನೋಡಿಕೊಳ್ಳಲು. ಈ ಮನೆಯ ಬದುಕು ಮುಗಿಯಿತು ಅನ್ನುತ್ತಾನೆ. ಹೌದು, ಮುಗಿಯಿತು. ಅವನು ಹಾರ್ಕೊವ್‌ಗೆ ಹೊರಟಿದ್ದಾನೆ, ಇದೇ ರೈಲಿಗೆ. ಕಳೆದ ವರ್ಷ ಇಷ್ಟು ಹೊತ್ತಿಗೆ ಹಿಮ ಬೀಳುತ್ತಿತ್ತು, ಈ ಸಲ ಬಿಸಿಲಿದೆ, ಚಳಿ ಮಾತ್ರ ಸೊನ್ನೆಗಿಂತ ಮೂರು ಡಿಗ್ರಿ ಕೆಳಗೆ. ನಾನು ನೋಡಲಿಲ್ಲ ಅನ್ನುತ್ತಾಳೆ. ಮೌನ. ನಮ್ಮ ಥರ್ಮಾಮೀಟರ್ ಒಡೆದುಹೋಗಿದೆ. ಮೌನ. ಹೊರಗಿನಿಂದ ಯಾರೋ ಅವನನ್ನು ಕೂಗುತ್ತಾರೆ. ಆ ಕೂಗಿಗೇ ಕಾದಿದ್ದವನಂತೆ ‘ಬಂದೆ!’ ಅಂತ ಓಡುತ್ತಾನೆ. ವಾರ್ಯಾ ನೆಲದ ಮೇಲೆ ಕೂತು ಬಟ್ಟೆಗಂಟಿಗೆ ತಲೆಯಿಟ್ಟು ಸದ್ದಿಲ್ಲದೆ ಅಳುತ್ತಾಳೆ.

ಮದುವೆ ಅನ್ನುವ ಪದ ಇಡೀ ದೃಶ್ಯದಲ್ಲಿ ಬರುವುದಿಲ್ಲ. ತಾಲೀಮು ಹೀಗೆ ಮಾಡಿ. ಮೊದಲ ದಿನ ನಿಜವಾದ ಟ್ರಂಕು, ಗಂಟು, ಮಡಿಸಿದ ಬಟ್ಟೆ ತನ್ನಿ. ವಾರ್ಯಾ ಏನು ಹುಡುಕುತ್ತಿದ್ದಾಳೆ ಅಂತ ಆ ನಟಿಯೇ ಒಂದು ವಸ್ತು ನಿರ್ಧರಿಸಲಿ, ಯಾರಿಗೂ ಹೇಳುವುದು ಬೇಡ. ಆ ವಸ್ತು ಅಲ್ಲಿ ಇರಬಾರದು. ಅವಳು ನಿಜವಾಗಿ ಹುಡುಕಬೇಕು. ಎರಡನೇ ದಿನ ಲೊಪಾಖಿನ್‌ಗೆ ಹೇಳಿ: ನೀನು ಕೇಳಲೇಬೇಕು ಅಂತ ತೀರ್ಮಾನಿಸಿಕೊಂಡು ಬಂದಿದ್ದೀಯ, ಪ್ರತಿ ಮಾತೂ ಅದರ ಪೀಠಿಕೆ. ಹವಾಮಾನದ ಮಾತು ಕೂಡ. ಮೂರನೇ ದಿನ ಇಬ್ಬರಿಗೂ ದುಃಖದ ಮುಖ ಮಾಡುವುದನ್ನು ಪೂರ್ತಿ ನಿಷೇಧಿಸಿ. ಅಷ್ಟು ಮಾಡಿದರೆ ಥರ್ಮಾಮೀಟರ್ ಒಡೆದಿದೆ ಅನ್ನುವ ಮಾತಿಗೆ ಸಭಾಂಗಣದಲ್ಲಿ ಯಾರೋ ಒಬ್ಬರು ಮೆಲ್ಲಗೆ ನಗುತ್ತಾರೆ, ಹತ್ತು ಸೆಕೆಂಡಿನ ನಂತರ ಅವರ ಗಂಟಲು ಕಟ್ಟುತ್ತದೆ. ನನಗೆ ಚೆಕೊವ್ ಅಂದರೆ ಆ ಹತ್ತು ಸೆಕೆಂಡು.

ಲೊಪಾಖಿನ್ ಬಗ್ಗೆ ಇನ್ನೂ ಒಂದು ಮಾತು. ತೋಟ ಕಡಿಸುವವನು ಅಂತ ಅವನನ್ನು ಒರಟನಾಗಿ, ಖಳನಾಗಿ ಆಡಿಸುತ್ತಾರೆ. ಅವನು ವ್ಯಾಪಾರಿಯಾದರೂ ಎಲ್ಲ ಅರ್ಥದಲ್ಲೂ ಸಭ್ಯ ಮನುಷ್ಯ ಅಂತ ಚೆಕೊವ್ ಸ್ತಾನಿಸ್ಲಾವ್‌ಸ್ಕಿಗೆ ಬರೆದಿದ್ದರು. ಆ ಪಾತ್ರವನ್ನು ಸ್ತಾನಿಸ್ಲಾವ್‌ಸ್ಕಿಯೇ ಮಾಡಲಿ ಅಂತ ಅವರ ಆಸೆಯಾಗಿತ್ತು. ಸ್ತಾನಿಸ್ಲಾವ್‌ಸ್ಕಿ ಒಡತಿಯ ಸೋದರ ಗಾಯೆವ್ ಪಾತ್ರ ತೆಗೆದುಕೊಂಡರು. ತನ್ನ ಅಪ್ಪ, ಅಜ್ಜ ಜೀತದಾಳುಗಳಾಗಿದ್ದ, ಅಡುಗೆಮನೆಗೂ ಬಿಟ್ಟುಕೊಳ್ಳದ ಎಸ್ಟೇಟನ್ನು ಲೊಪಾಖಿನ್ ಕೊಳ್ಳುತ್ತಾನೆ. ಸಾಲದ ಮೊತ್ತದ ಮೇಲೆ 90,000 ರೂಬಲ್ ಕೂಗಿ ಕೊಳ್ಳುತ್ತಾನೆ. ಅದಕ್ಕೂ ಮುಂಚೆ ಎರಡು ಅಂಕ ಪೂರ್ತಿ ಆ ಎಸ್ಟೇಟು ಉಳಿಸಿಕೊಳ್ಳುವ ದಾರಿಯನ್ನು ಅವರಿಗೆ ಬೇಡಿಕೊಂಡು ಹೇಳಿದವನೂ ಅವನೇ.

ಮೌನ ಅಳೆಯಿರಿ

ರಂಗಸೂಚನೆಯಲ್ಲಿ ‘ಮೌನ’ ಅಂತ ಬರೆದ ಕಡೆ ಮಾತ್ರ ಮೌನ. ಉಳಿದ ಕಡೆ ಮಾತಿಗೆ ಮಾತು ತಾಗಬೇಕು. ನಟರು ಎಲ್ಲೆಂದರಲ್ಲಿ ನಿಂತರೆ ಚೆಕೊವ್ ಬರೆದ ಮೌನಕ್ಕೆ ಬೆಲೆ ಇರುವುದಿಲ್ಲ. ಪ್ರತಿ ಮೌನದಲ್ಲಿ ಒಬ್ಬರಾದರೂ ಏನನ್ನೋ ಹೇಳಲು ಹೊರಟು ಬಿಟ್ಟಿರಬೇಕು. ಅದು ಯಾರು ಅಂತ ಪಠ್ಯದ ಅಂಚಿನಲ್ಲಿ ಬರೆದುಕೊಳ್ಳಿ.

ಸದ್ದಿಗೆ ಕಡಿವಾಣ

ಕಪ್ಪೆ, ಜೀರುಂಡೆ, ನಾಯಿ, ಗಂಟೆ: ಇವೆಲ್ಲ ಸ್ತಾನಿಸ್ಲಾವ್‌ಸ್ಕಿಗೆ ಬಹಳ ಪ್ರೀತಿ. ಚೆಕೊವ್‌ಗೆ ಇದರಿಂದ ಕಿರಿಕಿರಿ. ‘ಚೆರ್ರಿ ತೋಟ’ದ ಎರಡನೇ ಅಂಕಕ್ಕೆ ಕಪ್ಪೆ ಕೂಗಿಸುವ ಯೋಜನೆ ಗೊತ್ತಾದಾಗ, ಅದು ಹುಲ್ಲು ಕೊಯ್ಯುವ ಕಾಲ, ಜೂನ್ 20ರಿಂದ 25ರ ಹೊತ್ತು, ಅಷ್ಟರಲ್ಲಿ ಕಪ್ಪೆಗಳೂ ಸುಮ್ಮನಾಗಿರುತ್ತವೆ ಅಂತ ಬರೆದರು. ರೈಲು ತೋರಿಸಬೇಕು ಅಂದಾಗ, ಒಂದು ಚೂರೂ ಸದ್ದಿಲ್ಲದೆ ತೋರಿಸುವುದಾದರೆ ತೋರಿಸಿ ಅಂದರು.

ಈಗ ಮೊಬೈಲಿನಲ್ಲೇ ಸಾವಿರ ಸದ್ದು ಸಿಗುತ್ತದೆ. ಅದಕ್ಕೇ ಹೆಚ್ಚು ಎಚ್ಚರ ಬೇಕು. ಪಠ್ಯ ಕೇಳಿದ ಸದ್ದು ಮಾತ್ರ ಬಳಸಿ. ಅದರಲ್ಲಿ ಅತಿ ಕಷ್ಟದ್ದು ಎರಡನೇ ಅಂಕದಲ್ಲಿ ಆಕಾಶದಿಂದ ಬಂದಂತೆ ಕೇಳುವ, ತಂತಿ ಹರಿದ ಸದ್ದು. ಅದೇನು ಅಂತ ಪಾತ್ರಗಳೇ ಒಪ್ಪುವುದಿಲ್ಲ. ಲೊಪಾಖಿನ್‌ಗೆ ದೂರದ ಗಣಿಯಲ್ಲಿ ಬುಟ್ಟಿ ಕಳಚಿ ಬಿದ್ದ ಹಾಗೆ, ಗಾಯೆವ್‌ಗೆ ಕೊಕ್ಕರೆಯಂಥ ಹಕ್ಕಿ, ವಿದ್ಯಾರ್ಥಿ ಟ್ರೊಫಿಮೊವ್‌ಗೆ ಗೂಬೆ. ಫಿರ್ಸ್‌ಗೆ ಮಾತ್ರ ಹಿಂದಿನ ‘ಅನಾಹುತ’ದ ಮುಂಚೆ ಗೂಬೆ ಕೂಗಿದ್ದು ನೆನಪಾಗುತ್ತದೆ. ಯಾವ ಅನಾಹುತ ಅಂದರೆ, 1861ರಲ್ಲಿ ಜೀತದಿಂದ ಬಿಡುಗಡೆ ಸಿಕ್ಕಿದ್ದು. ಹಾಗಾಗಿ ಸದ್ದು ಇಷ್ಟಕ್ಕೂ ಹೊಂದಬೇಕು, ಯಾವುದೂ ಖಚಿತ ಆಗಬಾರದು. ನಮ್ಮ ತಂಡದಲ್ಲಿ ಸೈಡ್‌ವಿಂಗಿನಲ್ಲಿ ಮರದ ಪೆಟ್ಟಿಗೆಗೆ ದಪ್ಪ ತಂತಿ ಬಿಗಿದು ಮೀಟಿ, ಅದನ್ನು ಸಡಿಲಿಸುತ್ತಾ ಹೋದೆವು. ಧ್ವನಿಮುದ್ರಿಕೆಗಿಂತ ಅದು ಹೆಚ್ಚು ದೂರದ್ದಾಗಿ ಕೇಳಿತು.

ಬಟ್ಟೆ ಮತ್ತು ವಸ್ತು

ಚಹಾ ನೀರು ಕಾಯಿಸುವ ಸಮೊವಾರ್, ತುಪ್ಪಳದ ಟೋಪಿ ಎಲ್ಲ ಒಟ್ಟುಮಾಡಿ ರಷ್ಯಾ ತೋರಿಸಬೇಕು ಅಂತಿಲ್ಲ. ಪಠ್ಯ ಹೆಸರಿಟ್ಟು ಹೇಳಿದ ವಸ್ತು ತಪ್ಪಿಸಬೇಡಿ, ಸಾಕು. ವಾನ್ಯನಿಗೆ ಬೂಟು, ಕೊಳಕು ಅಂಗಿ ತೊಡಿಸಿ ಹಳ್ಳಿ ಜಮೀನ್ದಾರನನ್ನಾಗಿ ಮಾಡಿದ್ದಕ್ಕೆ ಚೆಕೊವ್ ಸಿಟ್ಟಾಗಿದ್ದರು. ಅವನಿಗೆ ಸೊಗಸಾದ ಟೈ ಇದೆ ಅಂತ ಬರೆದಿದೆಯಲ್ಲ ಅಂದರಂತೆ. ಆ ಒಂದು ಟೈ ಇದ್ದರೆ, ಇವನು ಬೇರೆ ಏನೋ ಆಗಬಹುದಾಗಿತ್ತು ಅನ್ನುವುದು ತಾನಾಗಿ ಕಾಣುತ್ತದೆ.

‘ಮೂವರು ಅಕ್ಕತಂಗಿಯರು’ದಲ್ಲಿ ಸೋದರಿಯರ ಮನೆಗೆ ಸೊಸೆಯಾಗಿ ಬರುವ ನತಾಶಾಳ ಹಸಿರು ಸೊಂಟಪಟ್ಟಿ ಅಂಥದ್ದೇ. ಮೊದಲ ಅಂಕದಲ್ಲಿ ಗುಲಾಬಿ ಉಡುಪಿಗೆ ಹಸಿರು ಪಟ್ಟಿ ಕಟ್ಟಿಕೊಂಡು ಹೆದರುತ್ತಾ ಬಂದವಳಿಗೆ ಓಲ್ಗಾ ಅದು ಸರಿಹೊಂದಲ್ಲ ಅನ್ನುತ್ತಾಳೆ. ಕೊನೆಯ ಅಂಕದಲ್ಲಿ ಮನೆಯ ಯಜಮಾನಿಯಾಗಿರುವ ನತಾಶಾ ಕಿರಿಯ ಸೋದರಿ ಐರಿನಾಳ ಪಟ್ಟಿ ನೋಡಿ ಅದೇ ಮಾತು ತಿರುಗಿಸಿ ಹೇಳುತ್ತಾಳೆ. ಮೊದಲ ಅಂಕದ ಹಸಿರು ಎದ್ದು ಕಾಣದಿದ್ದರೆ ಕೊನೆಯ ಏಟು ಬೀಳುವುದಿಲ್ಲ. ಬೆಳಕಿನವರಿಗೂ ಇದನ್ನು ಹೇಳಿ. ಕೆಲವು ಬಣ್ಣದ ಬೆಳಕಿನಡಿ ಹಸಿರು ಬೂದು ಬಣ್ಣವಾಗಿ ಕಾಣುತ್ತದೆ.

ನಗು ಎಲ್ಲಿದೆ ಅಂತ ಗುರುತು ಮಾಡಿ

‘ಸೀಗಲ್’, ‘ಚೆರ್ರಿ ತೋಟ’ ಎರಡನ್ನೂ ಚೆಕೊವ್ ಕಾಮಿಡಿ ಅಂತಲೇ ಕರೆದರು. ಸ್ತಾನಿಸ್ಲಾವ್‌ಸ್ಕಿ ‘ಚೆರ್ರಿ ತೋಟ’ ಓದಿ ಅತ್ತು, ಇದು ದುರಂತ ನಾಟಕ ಅಂತ ಬರೆದರು. ಪಠ್ಯದಲ್ಲಿ ‘ಕಣ್ಣೀರಿನ ನಡುವೆ’ ಅಂತ ಇರುವುದು ಪಾತ್ರದ ಮನಸ್ಥಿತಿ ತೋರಿಸಲು, ನಿಜವಾದ ಕಣ್ಣೀರಿಗಲ್ಲ ಅಂತ ಚೆಕೊವ್ ಆಮೇಲೆ ವಿವರಿಸಬೇಕಾಯಿತು.

ನನ್ನ ಪ್ರಕಾರ ಇಬ್ಬರ ಜಗಳಕ್ಕೂ ಉತ್ತರ ಮೂರನೇ ಅಂಕದ ಒಂದು ಕ್ಷಣದಲ್ಲಿದೆ. ಗಾಯೆವ್ ಹರಾಜಿನಿಂದ ಬರುತ್ತಾನೆ. ತೋಟ ಹೋಗಿದೆ. ಕೈಯಲ್ಲಿ ಕೊಂಡುತಂದ ಮೀನಿನ ಪೊಟ್ಟಣ. ಅಳುತ್ತಿದ್ದಾನೆ, ಮಾತು ಹೊರಡುತ್ತಿಲ್ಲ. ಅಷ್ಟರಲ್ಲಿ ಪಕ್ಕದ ಕೋಣೆಯಿಂದ ಬಿಲಿಯರ್ಡ್ಸ್ ಚೆಂಡು ತಾಗುವ ಸದ್ದು, ಆಳು ಯಾಶಾ ಅಂಕ ಕೂಗುವುದು ಕೇಳಿಸುತ್ತದೆ. ಗಾಯೆವ್‌ನ ಮುಖ ಬದಲಾಗುತ್ತದೆ, ಅಳು ನಿಂತಿದೆ. ಇದನ್ನು ನಟ ನಗಿಸಲು ಮಾಡಿದರೂ ಕೆಟ್ಟಿತು, ಅಳಿಸಲು ಮಾಡಿದರೂ ಕೆಟ್ಟಿತು. ಅವನಿಗೆ ಆ ಆಟ ಅಷ್ಟು ಇಷ್ಟ, ಅಷ್ಟೇ. ಚೆಂಡಿನ ಸದ್ದು ಸ್ಪಷ್ಟವಾಗಿ, ಸರಿಯಾದ ಹೊತ್ತಿಗೆ ಬರಬೇಕು. ಅದಕ್ಕೆ ಒಬ್ಬ ಮನುಷ್ಯನನ್ನು ಮೀಸಲಿಡಿ.

ಊರು ಬದಲಿಸಬೇಕಾ?

ಕನ್ನಡದಲ್ಲಿ ‘ಚೆರ್ರಿ ತೋಟ’ವನ್ನು ಮಲೆನಾಡಿನ ಅಡಿಕೆ ತೋಟಕ್ಕೆ ತಂದು, 1974ರ ಭೂಸುಧಾರಣೆಯ ಕಾಲಕ್ಕೆ ಹೊಂದಿಸುವ ಯೋಚನೆ ಯಾರಿಗಾದರೂ ಬರುವಂಥದ್ದೇ. ನಾನು ಬೇಡ ಅನ್ನುತ್ತೇನೆ. ನಮ್ಮಲ್ಲಿ ಗೇಣಿದಾರರಿಗೆ ಭೂಮಿ ಬಂದದ್ದು ಕಾನೂನಿನಿಂದ. ಲೊಪಾಖಿನ್‌ಗೆ ಬಂದದ್ದು ದುಡ್ಡಿನಿಂದ, ಹರಾಜಿನಲ್ಲಿ. ಅವನು ಉಳುವುದಕ್ಕೆ ಕೊಳ್ಳುವುದಿಲ್ಲ, ಮರ ಕಡಿದು ಬೇಸಿಗೆ ಮನೆಗಳಿಗೆ ಜಾಗ ಕೊಡಲು ಕೊಳ್ಳುತ್ತಾನೆ. ಈ ವ್ಯತ್ಯಾಸ ಮುಚ್ಚಿಹಾಕಿದರೆ ಎರಡೂ ಕಥೆಗೆ ಅನ್ಯಾಯ. ರಷ್ಯಾದಲ್ಲೇ ಇರಲಿ. ಮಾತು ನಮ್ಮದಾಗಿದ್ದರೆ ಪ್ರೇಕ್ಷಕರು ತಮ್ಮ ಮನೆಯನ್ನು ತಾವೇ ನೆನೆಯುತ್ತಾರೆ.

ಕೊನೆಯ ಅಂಕದ ವೇಗ, ಕೊನೆಯ ನಿಮಿಷದ ಕ್ರಮ

ಪೂರ್ತಿ ನಾಟಕದ ರನ್ ಶುರುವಾದ ಮೇಲೆ ಪ್ರತಿ ಅಂಕಕ್ಕೂ ಗಡಿಯಾರ ಹಿಡಿಯಿರಿ. ‘ಚೆರ್ರಿ ತೋಟ’ದ ಕೊನೆಯ ಅಂಕ ಹೆಚ್ಚೆಂದರೆ 12 ನಿಮಿಷ ಇರಬೇಕಾದದ್ದು, ಥಿಯೇಟರಿನಲ್ಲಿ 40 ನಿಮಿಷ ಎಳೆಯುತ್ತಿದ್ದಾರೆ ಅಂತ ಚೆಕೊವ್ 1904ರ ಮಾರ್ಚ್‌ನಲ್ಲಿ ನೊಂದು ಬರೆದರು. ಆ ಜುಲೈನಲ್ಲಿ ಅವರು ತೀರಿಕೊಂಡರು. 12 ನಿಮಿಷಕ್ಕೆ ಯಾರಿಂದಲೂ ಆಗಲಿಕ್ಕಿಲ್ಲ. ಆದರೆ 25ರ ಮೇಲೆ ಹೋದರೆ ಎಲ್ಲೋ ಯಾರೋ ದುಃಖ ಆಡುತ್ತಿದ್ದಾರೆ ಅಂತ ಲೆಕ್ಕ. ರೈಲು ತಪ್ಪುತ್ತದೆ ಅಂತ ನಟರಿಗೆ ನೆನಪಿಸಿ.

ಕೊನೆಯ ನಿಮಿಷದ ಸದ್ದುಗಳ ಕ್ರಮವನ್ನು ಧ್ವನಿಯವರ ಮುಂದೆ ಬರೆದು ಅಂಟಿಸಿ. ಎಲ್ಲರೂ ಹೋದ ಮೇಲೆ ಒಂದೊಂದೇ ಬಾಗಿಲಿಗೆ ಬೀಗ ಹಾಕುವ ಸದ್ದು. ಗಾಡಿಗಳು ಹೊರಡುವ ಸದ್ದು. ಮೌನ. ಆ ಮೌನದಲ್ಲಿ ಮರಕ್ಕೆ ಕೊಡಲಿ ಬೀಳುವ ಮಂದ ಸದ್ದು. ಆಮೇಲೆ ಹೆಜ್ಜೆ ಸದ್ದು, ಫಿರ್ಸ್ ಬರುತ್ತಾನೆ. ಕಾಯಿಲೆಯ ಮುದುಕ, ಆಸ್ಪತ್ರೆಗೆ ಕಳಿಸಿದ್ದೇವೆ ಅಂತ ಎಲ್ಲರೂ ಅಂದುಕೊಂಡವನು. ಕಾಲಲ್ಲಿ ಮನೆಯ ಚಪ್ಪಲಿ. ಬಾಗಿಲ ಹಿಡಿ ಅಲುಗಿಸಿ ನೋಡುತ್ತಾನೆ. ತನ್ನನ್ನು ಮರೆತರು ಅಂತ ಹೇಳಿ, ಮರುಕ್ಷಣವೇ, ಯಜಮಾನರು ತುಪ್ಪಳದ ಕೋಟು ಹಾಕದೆ ಹೋಗಿರುತ್ತಾರೆ ಅಂತ ಚಿಂತಿಸುತ್ತಾನೆ. ಈ ಎರಡನೇ ಮಾತನ್ನು ಮೊದಲನೆಯದಕ್ಕಿಂತ ಹೆಚ್ಚು ಕಾಳಜಿಯಿಂದ ಹೇಳಿಸಿ. ಅವನಿಗೆ ತನ್ನ ಸಾವು ದೊಡ್ಡದಲ್ಲ, ಕೋಟು ದೊಡ್ಡದು. ಅವನು ಮಲಗುತ್ತಾನೆ. ತಂತಿ ಹರಿದ ಸದ್ದು. ಮತ್ತೆ ಮೌನ, ದೂರದಲ್ಲಿ ಕೊಡಲಿ.

ಕೊಡಲಿ ನಿಲ್ಲುವವರೆಗೆ ಕಾದು ದೀಪ ಆರಿಸಬೇಡಿ. ಅದು ಬೀಳುತ್ತಿರುವಾಗಲೇ ಪರದೆ ಎಳೆಯಿರಿ. ಪರದೆ ಬಿದ್ದ ಮೇಲೂ ಒಂದೆರಡು ಏಟು ಕೇಳಿಸಲಿ.